ಅಮೆರಿಕದ ಇತಿಹಾಸ, ಸರ್ಕಾರ, ಹೈಸ್ಕೂಲ್ ಪರೀಕ್ಷೆ: ಪದೇ ಪದೇ ಕೇಳುವ ಪ್ರಶ್ನೆಗಳು

ನಾನು ಓದಿದ್ದು ದಾವಣಗೆರೆಯಲ್ಲಿ, ಬಿಕಾಂ. ಅಮೆರಿಕದ ಇತಿಹಾಸ ಕಲಿತದ್ದು ಮಕ್ಕಳ ಜೊತೆ, ನ್ಯೂಯಾರ್ಕ್ ರಾಜ್ಯದ ಒಂದು ಸಣ್ಣ ಊರಿನಲ್ಲಿ, ಅಡುಗೆಮನೆ ಟೇಬಲ್ ಮೇಲೆ. ಮಗ ರಾಜ್ಯದ ರೀಜೆಂಟ್ಸ್ ಪರೀಕ್ಷೆ ಬರೆದ, ಮಗಳು ಕಾಲೇಜು ಮಟ್ಟದ ಎಪಿ ಪರೀಕ್ಷೆ ಬರೆದಳು. ಆಮೇಲೆ ಪರಿಚಯದವರ ಮಕ್ಕಳೂ ಪುಸ್ತಕ ಹಿಡಿದು ಬರತೊಡಗಿದರು. ಫೋನಿನಲ್ಲಿ, ಪತ್ರದಲ್ಲಿ, ಸಂಕ್ರಾಂತಿ ಊಟದ ಸಾಲಿನಲ್ಲಿ ಮತ್ತೆ ಮತ್ತೆ ಬಂದ ಪ್ರಶ್ನೆಗಳು ಇವು. ಕೇಳಿದವರ ಮಾತಿನಲ್ಲೇ ಇಟ್ಟಿದ್ದೇನೆ.

## ಶುರುವಿನ ಪ್ರಶ್ನೆಗಳು

ಅಕ್ಕಾ, ಮಗಳು ಒಂದು ದಿನ ರೀಜೆಂಟ್ಸ್ ಅಂತಾಳೆ, ಇನ್ನೊಂದು ದಿನ ಎ-ಪುಶ್ ಅಂತಾಳೆ. ಎರಡೂ ಒಂದೇನಾ?

ಅಲ್ಲ. ರೀಜೆಂಟ್ಸ್ ನ್ಯೂಯಾರ್ಕ್ ರಾಜ್ಯದ ಪರೀಕ್ಷೆ. ನಮ್ಮ ಬೋರ್ಡ್ ಎಕ್ಸಾಮ್ ಇದ್ದ ಹಾಗೆ ಅಂದುಕೊಳ್ಳಿ. ಸಾಮಾನ್ಯವಾಗಿ ಹನ್ನೊಂದನೇ ಕ್ಲಾಸಿನ ಕೊನೆಗೆ, ಜೂನ್‌ನಲ್ಲಿ ಬರುತ್ತದೆ. ಮೂರು ಗಂಟೆ, 65 ಬಂದರೆ ಪಾಸು. 28 ಬಹು ಆಯ್ಕೆ ಪ್ರಶ್ನೆ, ಎರಡು ಚಿಕ್ಕ ಪ್ರಬಂಧ, ಕೊನೆಗೆ ಆರು ದಾಖಲೆ ಮುಂದಿಟ್ಟುಕೊಂಡು ಬರೆಯುವ ಒಂದು ದೊಡ್ಡ ಪ್ರಬಂಧ.

ಎ-ಪುಶ್ ಅಂದರೆ ಎಪಿ ಅಮೆರಿಕ ಇತಿಹಾಸ. ಕಾಲೇಜ್ ಬೋರ್ಡ್ ಇಡೀ ದೇಶಕ್ಕೆ ಒಂದೇ ಪೇಪರ್ ಇಟ್ಟು ಮೇ ತಿಂಗಳಲ್ಲಿ ನಡೆಸುತ್ತದೆ. ಕಡ್ಡಾಯ ಅಲ್ಲ. ಒಂದರಿಂದ ಐದರವರೆಗೆ ಸ್ಕೋರ್. 3 ಗಂಟೆ 15 ನಿಮಿಷದ ಈ ಪರೀಕ್ಷೆ 2025ರಿಂದ ಲ್ಯಾಪ್‌ಟಾಪ್ ಮೇಲೆ ನಡೆಯುತ್ತಿದೆ. ಮಕ್ಕಳು 'ಗವ್' ಅನ್ನುವ ಎಪಿ ಸರ್ಕಾರ ಇನ್ನೊಂದು ಬೇರೆಯೇ ಪರೀಕ್ಷೆ. ಅದರಲ್ಲಿ 55 ಬಹು ಆಯ್ಕೆಗೆ 80 ನಿಮಿಷ, ನಾಲ್ಕು ಬರಹದ ಪ್ರಶ್ನೆಗೆ 100 ನಿಮಿಷ. ನ್ಯೂಯಾರ್ಕಿನ ಎಷ್ಟೋ ಮಕ್ಕಳು ಮೇನಲ್ಲಿ ಎಪಿ ಮುಗಿಸಿ ಜೂನ್‌ನಲ್ಲಿ ರೀಜೆಂಟ್ಸನ್ನೂ ಬರೆಯುತ್ತಾರೆ.

ಬೇರೆ ರಾಜ್ಯದಲ್ಲಿದ್ದರೆ ಲೆಕ್ಕವೇ ಬೇರೆ. ಟೆಕ್ಸಾಸ್‌ಗೆ ತನ್ನದೇ ಪರೀಕ್ಷೆ ಇದೆ, ಅದು 1877ರಿಂದ ಈಚೆಗಿನ ಇತಿಹಾಸ ಕೇಳುತ್ತದೆ. ಕ್ಯಾಲಿಫೋರ್ನಿಯಾದಲ್ಲಿ ಸರ್ಕಾರದ ಪಾಠ ಒಂದು ಸೆಮಿಸ್ಟರ್ ಓದಲೇಬೇಕು. ನಿಯಮಗಳು ಬದಲಾಗುತ್ತಲೇ ಇರುತ್ತವೆ, ಶಾಲೆಯ ಕೌನ್ಸೆಲರ್ ಹತ್ತಿರ ವರ್ಷದ ಶುರುವಿನಲ್ಲೇ ಕೇಳಿಬಿಡಿ.

ಬೆಂಗಳೂರಿನಲ್ಲಿ ಒಂಬತ್ತನೇ ಕ್ಲಾಸ್ ಮುಗಿಸಿ ಬಂದ ಹುಡುಗ. ಅಮೆರಿಕದ ಇತಿಹಾಸ ಒಂದಕ್ಷರ ಗೊತ್ತಿಲ್ಲ. ಎಲ್ಲಿಂದ ಶುರು ಮಾಡೋದು?

ಒಂದಕ್ಷರ ಗೊತ್ತಿಲ್ಲ ಅನ್ನಬೇಡಿ. ಟಿಪ್ಪು ಗೊತ್ತು ತಾನೇ? ಅಲ್ಲಿಂದಲೇ ಹಿಡಿಯಿರಿ.

1781ರ ಅಕ್ಟೋಬರ್‌ನಲ್ಲಿ ವರ್ಜೀನಿಯಾದ ಯಾರ್ಕ್‌ಟೌನ್‌ನಲ್ಲಿ ವಾಷಿಂಗ್ಟನ್ ಮುಂದೆ ಸೋತ ಬ್ರಿಟಿಷ್ ಸೇನಾಪತಿ ಕಾರ್ನ್‌ವಾಲಿಸ್. ಅದೇ ಕಾರ್ನ್‌ವಾಲಿಸ್ 1786ರಲ್ಲಿ ಗವರ್ನರ್ ಜನರಲ್ ಆಗಿ ನಮ್ಮ ಕಡೆ ಬಂದ. 1792ರಲ್ಲಿ ಶ್ರೀರಂಗಪಟ್ಟಣಕ್ಕೆ ಮುತ್ತಿಗೆ ಹಾಕಿ ಟಿಪ್ಪುವಿನ ಅರ್ಧ ರಾಜ್ಯ ಕಿತ್ತುಕೊಂಡು, ಇಬ್ಬರು ಗಂಡುಮಕ್ಕಳನ್ನು ಒತ್ತೆ ಇಟ್ಟುಕೊಂಡ. ಇನ್ನೊಂದು ಕೇಳಿ. 1782ರಲ್ಲಿ ಪೆನ್ಸಿಲ್ವೇನಿಯಾದವರು ಬ್ರಿಟಿಷರ ವಿರುದ್ಧ ಇಳಿಸಿದ ಒಂದು ಹಡಗಿನ ಹೆಸರು 'ಹೈದರ್ ಅಲಿ'. ಶತ್ರುವಿನ ಶತ್ರು ಅನ್ನೋ ಲೆಕ್ಕ. ಮೈಸೂರಿನ ರಾಕೆಟ್ ನೋಡಿ ಕಲಿತ ಇಂಗ್ಲಿಷರು ತಮ್ಮದೇ ಕಾಂಗ್ರೀವ್ ರಾಕೆಟ್ ಮಾಡಿಕೊಂಡು 1814ರಲ್ಲಿ ಬಾಲ್ಟಿಮೋರ್‌ನ ಕೋಟೆಯ ಮೇಲೆ ಬಿಟ್ಟರು. ಅಮೆರಿಕದ ರಾಷ್ಟ್ರಗೀತೆಯಲ್ಲಿ ಬರುವ ರಾಕೆಟ್‌ಗಳ ಕೆಂಪು ಬೆಳಕು ಅದೇ.

ಇದನ್ನೆಲ್ಲ ಪರೀಕ್ಷೆಯಲ್ಲಿ ಕೇಳೋದಿಲ್ಲ. ಆದರೆ ಹುಡುಗನ ತಲೆಯಲ್ಲಿ ಒಂದು ಮೊಳೆ ಹೊಡೆದ ಹಾಗಾಗುತ್ತದೆ, ಮಿಕ್ಕಿದ್ದನ್ನು ಅದಕ್ಕೆ ನೇತುಹಾಕಬಹುದು. ಆಮೇಲೆ ಏಳನೇ ಎಂಟನೇ ಕ್ಲಾಸಿನ ಮಕ್ಕಳು ಓದುವ ಇತಿಹಾಸದ ಪುಸ್ತಕವನ್ನು ಲೈಬ್ರರಿಯಿಂದ ತಂದು ಕಥೆ ಓದಿದ ಹಾಗೆ ಒಂದು ಸಲ ಓದಲಿ. ಇಲ್ಲಿ ಬೆಳೆದ ಮಕ್ಕಳು ಸಣ್ಣ ಕ್ಲಾಸಿನಿಂದ ಬಾಸ್ಟನ್ ಟೀ ಪಾರ್ಟಿ ಅಂತ ಕೇಳಿಯೇ ಬೆಳೆದಿರುತ್ತಾರೆ. ನಮ್ಮ ಹುಡುಗನಿಗೆ ಇಲ್ಲದ್ದು ಅದೊಂದೇ. ಎರಡು ತಿಂಗಳಲ್ಲಿ ಸರಿಹೋಗುತ್ತದೆ.

ಇಸವಿಗಳನ್ನೆಲ್ಲ ಬಾಯಿಪಾಠ ಮಾಡಬೇಕಾ?

ಎಲ್ಲ ಬೇಡ. ಹಾಗಂತ ಏನೂ ಬೇಡ ಅಂತಲೂ ಅಲ್ಲ. 'ಇಲ್ಲಿ ಬಾಯಿಪಾಠಕ್ಕೆ ಬೆಲೆ ಇಲ್ಲ' ಅಂತ ಹೇಳಿ ಹೇಳಿ ಕೆಲವು ಮಕ್ಕಳು ಅಂತರ್ಯುದ್ಧ ಮೊದಲೋ ರೈಲ್ವೆ ಮೊದಲೋ ಅಂತ ತಡಕಾಡೋದನ್ನು ನೋಡಿದ್ದೇನೆ.

ನನ್ನ ಪಟ್ಟಿ ಇಷ್ಟೇ: 1607 ಜೇಮ್ಸ್‌ಟೌನ್, 1776 ಸ್ವಾತಂತ್ರ್ಯ ಘೋಷಣೆ, 1787 ಸಂವಿಧಾನ, 1791 ಬಿಲ್ ಆಫ್ ರೈಟ್ಸ್ (ಜನರ ಹಕ್ಕುಗಳ ಪಟ್ಟಿ), 1803 ಲೂಸಿಯಾನ ಖರೀದಿ, 1848 ಮೆಕ್ಸಿಕೊ ಯುದ್ಧದ ಕೊನೆ, 1861ರಿಂದ 1865 ಅಂತರ್ಯುದ್ಧ, 1877 ರೀಕನ್‌ಸ್ಟ್ರಕ್ಷನ್ (ಅಂತರ್ಯುದ್ಧದ ನಂತರ ದಕ್ಷಿಣವನ್ನು ಮತ್ತೆ ಕಟ್ಟಿದ ಕಾಲ) ಮುಕ್ತಾಯ, 1898 ಸ್ಪೇನ್ ಜೊತೆ ಯುದ್ಧ, 1920 ಹೆಂಗಸರಿಗೆ ವೋಟು, 1929 ಷೇರುಪೇಟೆ ಕುಸಿತ, 1941 ಪರ್ಲ್ ಹಾರ್ಬರ್, 1954 ಬ್ರೌನ್ ತೀರ್ಪು (ಶಾಲೆಯಲ್ಲಿ ಕಪ್ಪು, ಬಿಳಿ ಮಕ್ಕಳನ್ನು ಬೇರೆ ಮಾಡುವಂತಿಲ್ಲ ಅಂದದ್ದು), 1964 ಮತ್ತು 1965ರ ನಾಗರಿಕ ಹಕ್ಕು ಕಾಯ್ದೆಗಳು. ಇವು ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಬರಬೇಕು. ಉಳಿದ ಘಟನೆಗಳಿಗೆ ಯಾವ ಎರಡು ಮೊಳೆಯ ನಡುವೆ ಬರುತ್ತದೆ ಅಂತ ಗೊತ್ತಿದ್ದರೆ ಸಾಕು.

ನನಗೇ ಈ ಪಾಠ ಗೊತ್ತಿಲ್ಲ, ಇಂಗ್ಲಿಷೂ ಅಷ್ಟಕ್ಕಷ್ಟೆ. ಮಗನಿಗೆ ನಾನು ಹೇಗೆ ಸಹಾಯ ಮಾಡಲಿ?

ನಿಮಗೆ ಗೊತ್ತಿಲ್ಲ ಅನ್ನೋದೇ ನಿಮ್ಮ ಬಂಡವಾಳ. ಚಪಾತಿ ಲಟ್ಟಿಸುತ್ತಾ ಕೇಳಿ: "ಇವತ್ತು ಏನು ಓದಿದೆ, ನನಗೆ ಹೇಳು." ಕನ್ನಡದಲ್ಲೇ ಹೇಳಲಿ, ಇಂಗ್ಲಿಷ್ ಬೆರೆಸಿ ಹೇಳಲಿ. ನನ್ನ ಮಗಳು ಒಂದು ಸಂಜೆ ಶೇರ್‌ಕ್ರಾಪಿಂಗ್ ಅಂತ ನಾಲ್ಕು ಸಲ ಅಂದಳು. ಹಾಗಂದ್ರೇನು ಅಂದೆ. ಪುಸ್ತಕದ ಸಾಲು ಒಪ್ಪಿಸಿದಳು. ನನಗೆ ಅರ್ಥ ಆಗಲಿಲ್ಲ ಅಂದೆ. ಸ್ವಲ್ಪ ಯೋಚಿಸಿ, "ಜಮೀನು ಅವರದ್ದು, ಕೆಲಸ ಇವರದ್ದು, ಬೆಳೆ ಪಾಲು, ಬೀಜಕ್ಕೆ ಸಾಲ ಬೇರೆ. ವರ್ಷದ ಕೊನೆಗೆ ಇವರ ಕೈಲಿ ಏನೂ ಇರಲ್ಲ" ಅಂದಳು. ಓಹ್, ಕೋರಿಗೆ ಮಾಡೋದು, ನಮ್ಮ ತಾತನ ಊರಲ್ಲೂ ಇತ್ತು ಅಂದೆ. ಆ ಪಾಠ ಅವಳು ಮತ್ತೆ ಓದಲೇ ಇಲ್ಲ, ಓದುವ ಅಗತ್ಯವೂ ಬೀಳಲಿಲ್ಲ.

'ಯಾಕೆ?' 'ಅದರಿಂದ ಯಾರಿಗೆ ಲಾಭ?' 'ಆಮೇಲೆ ಏನಾಯ್ತು?' ಈ ಮೂರು ಪ್ರಶ್ನೆ ಸಾಕು. ಪರೀಕ್ಷೆಯವರು ಕೇಳೋದೂ ಸುತ್ತಿ ಬಳಸಿ ಇವನ್ನೇ.

ನಮ್ಮ ಸಿಟಿಜನ್‌ಶಿಪ್ ಪರೀಕ್ಷೆಗೂ ಮಕ್ಕಳ ಪರೀಕ್ಷೆಗೂ ಸಂಬಂಧ ಇದೆಯಾ?

ಪಾಠ ಒಂದೇ, ಆಳ ಬೇರೆ. ನಾನು ಕೊಟ್ಟಾಗ 100 ಪ್ರಶ್ನೆಯ ಪಟ್ಟಿ ಇತ್ತು. ಅದರಲ್ಲಿ ಹತ್ತು ಕೇಳುತ್ತಿದ್ದರು, ಆರು ಸರಿ ಆದರೆ ಆಯ್ತು. 2025ರ ಅಕ್ಟೋಬರ್ 20ರಿಂದ ಈಚೆಗೆ ಅರ್ಜಿ ಹಾಕಿದವರಿಗೆ ಪಟ್ಟಿ 128ಕ್ಕೆ ಏರಿದೆ. 20 ಕೇಳುತ್ತಾರೆ, 12 ಸರಿ ಆಗಬೇಕು. ನಮ್ಮದು ಒಂದು ಸಾಲಿನ ಉತ್ತರ, ಮಕ್ಕಳದ್ದು ಒಂದು ಪುಟದ ಉತ್ತರ. ಇಬ್ಬರೂ ಒಟ್ಟಿಗೆ ಕೂತು ಓದಿ. ಅಪ್ಪ ಸುಪ್ರೀಂ ಕೋರ್ಟ್ ಜಡ್ಜ್‌ಗಳು ಎಷ್ಟು ಅಂತ ತಡವರಿಸುವಾಗ ಮಕ್ಕಳಿಗೆ ಸಿಗುವ ಖುಷಿ ಟ್ಯೂಷನ್ನಿನಲ್ಲಿ ಸಿಗಲ್ಲ.

## ಸರ್ಕಾರದ ಪಾಠ

ಲೋಕಸಭೆ-ರಾಜ್ಯಸಭೆ ಥರಾನೇ ಹೌಸ್-ಸೆನೆಟ್ ಅಲ್ವಾ? ಅದನ್ನೇ ನೆನಪಿಟ್ಟುಕೊಂಡರೆ ಸಾಲದಾ?

ಸಾಲದು, ಅಷ್ಟೇ ಅಲ್ಲ, ಅಪಾಯ. ಭಾರತದಿಂದ ಬಂದ ಮಕ್ಕಳು ಅಂಕ ಕಳೆದುಕೊಳ್ಳುವುದು ಗೊತ್ತಿಲ್ಲದ ಕಡೆ ಅಲ್ಲ, ಗೊತ್ತಿದೆ ಅಂದುಕೊಂಡ ಕಡೆ.

ರಾಜ್ಯಸಭೆಯಲ್ಲಿ ದೊಡ್ಡ ರಾಜ್ಯಕ್ಕೆ ಜಾಸ್ತಿ ಸೀಟು. ಉತ್ತರ ಪ್ರದೇಶಕ್ಕೆ 31, ಕರ್ನಾಟಕಕ್ಕೆ 12, ಗೋವಾಕ್ಕೆ 1. ಸೆನೆಟ್‌ನಲ್ಲಿ ಎಲ್ಲ ರಾಜ್ಯಕ್ಕೂ ಎರಡೇ. ಆರು ಲಕ್ಷ ಜನವೂ ಇಲ್ಲದ ವಯೋಮಿಂಗ್‌ಗೂ ಎರಡು, ಸುಮಾರು ನಾಲ್ಕು ಕೋಟಿ ಜನರ ಕ್ಯಾಲಿಫೋರ್ನಿಯಾಕ್ಕೂ ಎರಡು. ರಾಜ್ಯಸಭೆ ಹಣದ ಮಸೂದೆಯನ್ನು 14 ದಿನಕ್ಕಿಂತ ಜಾಸ್ತಿ ಹಿಡಿದಿಡಲಾರದು. ಸೆನೆಟ್‌ಗೆ ಹಣದ ವಿಷಯದಲ್ಲೂ ಪೂರ್ತಿ ಜೋರಿದೆ. ಜಡ್ಜ್‌ಗಳನ್ನು ಒಪ್ಪುವುದೂ ಅದೇ.

ಇನ್ನು ಪದಗಳ ಮೋಸ ನೋಡಿ. ನಮ್ಮಲ್ಲಿ ಗವರ್ನರ್ ಅಂದರೆ ದೆಹಲಿಯಿಂದ ಬಂದವರು. ಇಲ್ಲಿ ಗವರ್ನರ್ ಜನ ಆರಿಸಿದವರು, ಕೆಲಸದಲ್ಲಿ ನಮ್ಮ ಮುಖ್ಯಮಂತ್ರಿ ಥರ. ನಮ್ಮಲ್ಲಿ ಮಂತ್ರಿ ಆಗಬೇಕಾದರೆ ಸದನದ ಸದಸ್ಯರಾಗಿರಬೇಕು, ಇಲ್ಲದಿದ್ದರೆ ಆರು ತಿಂಗಳೊಳಗೆ ಆಗಬೇಕು. ಇಲ್ಲಿ ಉಲ್ಟಾ. ಕ್ಯಾಬಿನೆಟ್‌ಗೆ ಹೋಗಬೇಕಾದರೆ ಕಾಂಗ್ರೆಸ್ ಸೀಟು ಬಿಡಬೇಕು. ಸೆಕ್ರೆಟರಿ ಆಫ್ ಸ್ಟೇಟ್ ಅಂದರೆ ಫೈಲ್ ಹಿಡಿಯುವ ಕಾರ್ಯದರ್ಶಿ ಅಲ್ಲ, ವಿದೇಶಾಂಗ ಮಂತ್ರಿ. ಸ್ಪೀಕರ್ ಇಲ್ಲಿ ಪಕ್ಷದ ಮುಂದಾಳು, ನಡುವೆ ಕೂತ ತಟಸ್ಥ ಹಿರಿಯರಲ್ಲ. 'ಕಾಂಗ್ರೆಸ್' ಅಂದರೆ ಪಕ್ಷ ಅಲ್ಲ ಅಂತ ನಮ್ಮ ಅತ್ತೆಗೆ ಹೇಳಿ ಹೇಳಿ ಸಾಕಾಯಿತು.

ಒಂದು ನೋಟ್‌ಬುಕ್ ಪುಟವನ್ನು ಎರಡು ಭಾಗ ಮಾಡಿ 'ಅಲ್ಲಿ', 'ಇಲ್ಲಿ' ಅಂತ ಬರೆಸಿ. ಹೊಸದಾಗಿ ಬಂದ ಮಕ್ಕಳಿಗೆ ಇದಕ್ಕಿಂತ ಒಳ್ಳೆಯ ಗೈಡ್ ನಾನು ಕಂಡಿಲ್ಲ.

ಜಾಸ್ತಿ ವೋಟು ತಗೊಂಡವರು ಸೋಲೋದು ಹೇಗೆ? ಮಗ ವಿವರಿಸಿದ, ನನಗೆ ತಲೆಗೆ ಹೋಗಲಿಲ್ಲ.

ಇಡೀ ದೇಶದಲ್ಲಿ ಒಂದು ಚುನಾವಣೆ ಅಂತ ಯೋಚಿಸಬೇಡಿ. 50 ರಾಜ್ಯ ಮತ್ತು ರಾಜಧಾನಿ, 51 ಬೇರೆ ಬೇರೆ ಪಂದ್ಯ. ಪ್ರತಿ ರಾಜ್ಯಕ್ಕೂ ಹೌಸ್ ಸೀಟು ಮತ್ತು ಎರಡು ಸೆನೆಟ್ ಸೀಟು ಸೇರಿಸಿದಷ್ಟು ಎಲೆಕ್ಟರ್‌ಗಳು, ಅಂದರೆ ಅಧ್ಯಕ್ಷರನ್ನು ಆರಿಸುವ ಪ್ರತಿನಿಧಿಗಳು. 435, 100, ರಾಜಧಾನಿಗೆ 3, ಒಟ್ಟು 538. ಗೆಲ್ಲಲು 270. ಮೇನ್ ಮತ್ತು ನೆಬ್ರಾಸ್ಕಾ ಬಿಟ್ಟರೆ ಉಳಿದ ಕಡೆ ಒಂದು ವೋಟಿನಿಂದ ಗೆದ್ದರೂ ಆ ರಾಜ್ಯದ ಎಲ್ಲ ಎಲೆಕ್ಟರ್‌ಗಳೂ ಗೆದ್ದವರಿಗೆ. ಹಾಗಾಗಿ ಒಂದು ರಾಜ್ಯದಲ್ಲಿ ಭರ್ಜರಿಯಾಗಿ ಗೆದ್ದು, ಮೂರು ರಾಜ್ಯದಲ್ಲಿ ಕೂದಲೆಳೆಯಲ್ಲಿ ಸೋತರೆ ಮತ ಜಾಸ್ತಿ, ಕುರ್ಚಿ ಇಲ್ಲ.

1824, 1876, 1888, 2000, 2016ರಲ್ಲಿ ಹೀಗಾಗಿದೆ. ಇದರಲ್ಲಿ 1876 ಮಾತ್ರ ಗಟ್ಟಿಯಾಗಿ ಹಿಡಿದುಕೊಳ್ಳಿ. ಆ ಜಗಳ ಬಗೆಹರಿದ ರಾಜಿಯಲ್ಲೇ ದಕ್ಷಿಣದಿಂದ ಫೆಡರಲ್ ಸೈನ್ಯ ಹಿಂದೆ ಸರಿಯಿತು. ಇತಿಹಾಸದ ಪೇಪರ್‌ಗೂ ಸರ್ಕಾರದ ಪೇಪರ್‌ಗೂ ಒಂದೇ ಉದಾಹರಣೆ ಕೆಲಸಕ್ಕೆ ಬರುತ್ತದೆ.

ಸುಪ್ರೀಂ ಕೋರ್ಟ್ ಕೇಸುಗಳು ಒಂದಕ್ಕೊಂದು ಕಲಸಿಹೋಗುತ್ತವೆ. ಏನಾದರೂ ಉಪಾಯ ಇದೆಯಾ?

ಎಪಿ ಗವ್‌ಗೆ ಕಡ್ಡಾಯ ಕೇಸು 14. ಹೆಸರಿನಿಂದ ಶುರು ಮಾಡಿದರೆ ಕಲಸಿಹೋಗುತ್ತವೆ. ಮನುಷ್ಯರಿಂದ ಶುರು ಮಾಡಿ. ವಕೀಲರನ್ನು ಇಡಲು ದುಡ್ಡಿಲ್ಲದೆ ಜೈಲಿನಿಂದ ಪೆನ್ಸಿಲ್‌ನಲ್ಲಿ ಅರ್ಜಿ ಬರೆದವನು ಗಿಡಿಯನ್, 1963. ವಿಯೆಟ್ನಾಂ ಯುದ್ಧ ಬೇಡ ಅಂತ ತೋಳಿಗೆ ಕಪ್ಪು ಪಟ್ಟಿ ಕಟ್ಟಿಕೊಂಡು ಶಾಲೆಗೆ ಹೋಗಿ ಸಸ್ಪೆಂಡ್ ಆದ 13 ವರ್ಷದ ಹುಡುಗಿ ಟಿಂಕರ್, 1969. ಸ್ಯಾನ್ ಆಂಟೋನಿಯೊದಲ್ಲಿ ಹನ್ನೆರಡನೇ ಕ್ಲಾಸಿನಲ್ಲಿದ್ದಾಗ ಶಾಲೆಗೆ ಬಂದೂಕು ತಂದವನು ಲೋಪೆಜ್, 1995ರ ತೀರ್ಪು.

ಆಮೇಲೆ ಜೋಡಿ ಮಾಡಿ. ಮೆಕಲಕ್ ಕೇಸು, 1819. ಸಂವಿಧಾನದಲ್ಲಿ ಬ್ಯಾಂಕ್ ಅನ್ನೋ ಪದ ಇಲ್ಲದಿದ್ದರೂ ಕೇಂದ್ರ ಸರ್ಕಾರ ಬ್ಯಾಂಕ್ ಮಾಡಬಹುದು, ರಾಜ್ಯ ಅದರ ಮೇಲೆ ತೆರಿಗೆ ಹಾಕುವಂತಿಲ್ಲ ಅಂದಿತು ಕೋರ್ಟ್. ಕೇಂದ್ರದ ಕೈ ಉದ್ದ ಆಯಿತು. ಲೋಪೆಜ್‌ನಲ್ಲಿ ಶಾಲೆಯ ಹತ್ತಿರ ಬಂದೂಕು ತರೋದು ವ್ಯಾಪಾರ ಅಲ್ಲ, ವ್ಯಾಪಾರದ ಅಧಿಕಾರ ಬಳಸಿ ಕಾಂಗ್ರೆಸ್ ಇದಕ್ಕೆ ಕಾನೂನು ಮಾಡುವಂತಿಲ್ಲ ಅಂದಿತು. ಕೈ ಹಿಂದಕ್ಕೆ ಬಂತು. ಹಾಗೇ ಶೆಂಕ್ 1919 ಮತ್ತು ಟಿಂಕರ್. ಮೊದಲನೆಯದರಲ್ಲಿ ಯುದ್ಧಕಾಲದಲ್ಲಿ ಸೈನ್ಯದ ಭರ್ತಿ ವಿರುದ್ಧ ಹಂಚಿದ ಕರಪತ್ರಕ್ಕೆ ರಕ್ಷಣೆ ಸಿಗಲಿಲ್ಲ, ಎರಡನೆಯದರಲ್ಲಿ ತೋಳಪಟ್ಟಿಗೆ ಸಿಕ್ಕಿತು. ಎಪಿ ಗವ್‌ನಲ್ಲಿ ಗೊತ್ತಿರುವ ಕೇಸನ್ನು ಗೊತ್ತಿಲ್ಲದ ಕೇಸಿನ ಜೊತೆ ಹೋಲಿಸಿ ಅಂತ ಒಂದು ಪ್ರಶ್ನೆ ಬಂದೇ ಬರುತ್ತದೆ. ಜೋಡಿ ಮಾಡಿ ಓದಿದವರಿಗೆ ಅದು ಹೊಸದು ಅನ್ನಿಸೋದಿಲ್ಲ.

ಫೆಡರಲಿಸ್ಟ್ ಪೇಪರ್ಸ್ ಓದೋಕೆ ಕೂತರೆ ಎರಡನೇ ಸಾಲಿಗೇ ನಿದ್ದೆ ಬರುತ್ತೆ. ಓದಲೇಬೇಕಾ?

ಗವ್ ತಗೊಂಡರೆ ಬೇಕು. ಎಲ್ಲ 85 ಅಲ್ಲ, 10, 51, 70, 78 ಈ ನಾಲ್ಕು. ಇವುಗಳ ಎದುರಾಳಿ ಬ್ರೂಟಸ್ ಅನ್ನೋ ಗುಪ್ತನಾಮದಲ್ಲಿ ಬಂದ ಲೇಖನ, ಬ್ರೂಟಸ್ 1. ಇವು ಆಗಿನ ಕಾಲದ ಪತ್ರಿಕೆಯ ವಾದವಿವಾದ. ಹೊಸ ಸಂವಿಧಾನ ಒಪ್ಪಿ ಅಂತ ನ್ಯೂಯಾರ್ಕಿನವರನ್ನು ಒಪ್ಪಿಸಲು ಬರೆದದ್ದು ಫೆಡರಲಿಸ್ಟ್ ಪೇಪರ್ಸ್, ಬೇಡ ಅಂತ ಬರೆದದ್ದು ಬ್ರೂಟಸ್. ಬ್ರೂಟಸ್‌ನ ಮಾತು ಇಷ್ಟು: ಇಷ್ಟು ದೊಡ್ಡ ದೇಶವನ್ನು ಒಂದೇ ಸರ್ಕಾರ ಆಳಿದರೆ ಜನರ ಕಷ್ಟ ಅದಕ್ಕೆ ಕೇಳಿಸೋದಿಲ್ಲ. ಫೆಡರಲಿಸ್ಟ್ ಬರೆದವರಲ್ಲಿ ಒಬ್ಬನಾದ ಮ್ಯಾಡಿಸನ್‌ನ ಹತ್ತನೆಯದು: ದೇಶ ದೊಡ್ಡದಿದ್ದರೇ ಒಳ್ಳೇದು, ಯಾವ ಗುಂಪೂ ಉಳಿದವರ ಮೇಲೆ ಸವಾರಿ ಮಾಡೋಕೆ ಆಗಲ್ಲ. ಮೊದಲು ಬ್ರೂಟಸ್ ಓದಿ, ಆಮೇಲೆ ಹತ್ತನೆಯದು ಓದಿ. ಜಗಳದ ಎರಡೂ ಕಡೆ ಕೇಳಿದ ಹಾಗಾಗುತ್ತದೆ, ನಿದ್ದೆ ಹಾರಿಹೋಗುತ್ತದೆ.

## ಬರೆಯುವ ಪ್ರಶ್ನೆಗಳು

ಡಿಬಿಕ್ಯೂನಲ್ಲಿ ಏಳೂ ದಾಖಲೆ ಬಗ್ಗೆ ಬರೆದಿದ್ದ. ಆದರೂ ಏಳಕ್ಕೆ ಎರಡು ಬಂತು. ಯಾಕೆ?

ಬರೆದದ್ದು ದಾಖಲೆಯ ಸಾರಾಂಶ ಆಗಿರಬೇಕು. 'ಮೊದಲ ದಾಖಲೆ ಹೀಗೆ ಹೇಳುತ್ತದೆ, ಎರಡನೆಯದು ಹಾಗೆ ಹೇಳುತ್ತದೆ' ಅಂತ. ಎಪಿಯಲ್ಲಿ ಡಿಬಿಕ್ಯೂ ಅಂದರೆ ಏಳು ದಾಖಲೆ ಕೊಟ್ಟು, ಇವನ್ನು ಸಾಕ್ಷಿ ಮಾಡಿಕೊಂಡು ನಿನ್ನ ವಾದ ಮಂಡಿಸು ಅನ್ನೋದು. ಕೋರ್ಟಿನಲ್ಲಿ ಸಾಕ್ಷಿ ಹೇಳಿದ್ದನ್ನು ವಕೀಲ ಮತ್ತೆ ಓದಿದರೆ ಫೀಸು ಕೊಡ್ತೀರಾ?

ಅಂಕ ಹೀಗೆ ಹಂಚಿದ್ದಾರೆ. ಥೀಸಿಸ್‌ಗೆ, ಅಂದರೆ ನಿಮ್ಮ ವಾದ ಏನು ಅಂತ ಶುರುವಿನಲ್ಲೇ ಹೇಳುವ ಸಾಲಿಗೆ, ಒಂದು. ಹಿನ್ನೆಲೆಗೆ ಒಂದು. ದಾಖಲೆ ಬಳಸಿದ್ದಕ್ಕೆ ಎರಡು, ಅದು ಪೂರ್ತಿ ಬರಲು ಕನಿಷ್ಠ ನಾಲ್ಕು ದಾಖಲೆ ವಾದಕ್ಕೆ ದುಡಿಯಬೇಕು. ದಾಖಲೆಯಲ್ಲಿ ಇಲ್ಲದ, ನೀವೇ ತಂದ ಸಾಕ್ಷಿಗೆ ಒಂದು. ದಾಖಲೆ ಬರೆದವರು ಯಾರು, ಯಾರಿಗೆ, ಯಾಕೆ, ಅದರಿಂದ ಏನು ಅಂತ ಎರಡು ದಾಖಲೆಗಾದರೂ ವಿವರಿಸಿದ್ದಕ್ಕೆ ಒಂದು. ವಿಷಯದ ಒಳಸುಳಿ ತೋರಿಸಿದ್ದಕ್ಕೆ ಕೊನೆಯ ಒಂದು. ಈ ಕೊನೆಯದು ಕಷ್ಟ, ಅದರ ಹಿಂದೆ ಬಿದ್ದು ಉಳಿದ ಆರನ್ನು ಕಳೆದುಕೊಳ್ಳಬೇಡಿ.

ಒಂದು ಪ್ರಶ್ನೆ ಇಟ್ಟುಕೊಳ್ಳೋಣ: 1865ರಿಂದ 1877ರವರೆಗೆ ರೀಕನ್‌ಸ್ಟ್ರಕ್ಷನ್ ಕಪ್ಪು ಜನರ ಬದುಕನ್ನು ಎಷ್ಟರಮಟ್ಟಿಗೆ ಬದಲಿಸಿತು? ಮಕ್ಕಳು ಸಾಮಾನ್ಯವಾಗಿ ಬರೆಯುವ ಥೀಸಿಸ್: 'ರೀಕನ್‌ಸ್ಟ್ರಕ್ಷನ್‌ನಿಂದ ಒಳ್ಳೆಯದೂ ಆಯಿತು, ಕೆಟ್ಟದ್ದೂ ಆಯಿತು.' ಇದಕ್ಕೆ ಸೊನ್ನೆ. ಯಾವ ಪ್ರಶ್ನೆಗೆ ಬೇಕಾದರೂ ಅಂಟಿಸಬಹುದಾದ ಸಾಲು ಅದು. ಹೀಗೆ ಬರೆದರೆ ಅಂಕ: '13, 14, 15ನೇ ತಿದ್ದುಪಡಿಗಳು ಬಿಡುಗಡೆ, ಪೌರತ್ವ, ಗಂಡಸರಿಗೆ ವೋಟು ಕೊಟ್ಟವು. ಆದರೆ ಜಮೀನು ಸಿಗಲಿಲ್ಲ, 1877ರಲ್ಲಿ ಸೈನ್ಯದ ಕಾವಲೂ ಹೋಯಿತು. ಹಾಗಾಗಿ ಕಾನೂನಿನಲ್ಲಿ ಆದ ಬದಲಾವಣೆ ಹೊಲದಲ್ಲಿ, ಮತಗಟ್ಟೆಯಲ್ಲಿ ನಿಲ್ಲಲಿಲ್ಲ.' ಇದರಲ್ಲಿ ಒಂದು ನಿಲುವಿದೆ, ಕಾರಣ ಇದೆ, ಮುಂದಿನ ಎರಡು ಪ್ಯಾರಾದಲ್ಲಿ ಏನು ಬರುತ್ತದೆ ಅನ್ನೋದೂ ಇದೆ.

'ಸೋರ್ಸಿಂಗ್' ಮಾಡಿಲ್ಲ ಅಂತ ಟೀಚರ್ ಕೆಂಪಿಂಕಿನಲ್ಲಿ ಬರೆದಿದ್ದಾರೆ. ಏನದು?

ಫ್ರೆಡರಿಕ್ ಡಗ್ಲಸ್ 1852ರ ಜುಲೈ 5ರಂದು ನಮ್ಮ ರಾಜ್ಯದ ರಾಚೆಸ್ಟರ್‌ನಲ್ಲಿ ಮಾಡಿದ ಭಾಷಣ ತಗೊಳ್ಳಿ. ಜುಲೈ ನಾಲ್ಕು ನಿಮ್ಮ ಹಬ್ಬ, ನನ್ನದಲ್ಲ ಅನ್ನುತ್ತಾನೆ ಅವನು. 'ಡಗ್ಲಸ್ ಗುಲಾಮನಾಗಿ ಹುಟ್ಟಿದವನು, ಆದ್ದರಿಂದ ಪಕ್ಷಪಾತಿ' ಅಂತ ಬರೆದರೆ ಅಂಕ ಇಲ್ಲ. ಪಕ್ಷಪಾತ ಎಲ್ಲರಿಗೂ ಇರುತ್ತದೆ, ಅದನ್ನು ಹೇಳಿ ಏನು ಬಂತು?

ಕೇಳುತ್ತಾ ಕೂತವರು ಯಾರು ನೋಡಿ. ಕರೆಸಿದ್ದು ಗುಲಾಮಗಿರಿ ವಿರೋಧಿ ಹೆಂಗಸರ ಸಂಘ. ಅಂದರೆ ಸ್ನೇಹಿತರು. ಅವನು ಶತ್ರುಗಳನ್ನು ಬೈಯುತ್ತಿಲ್ಲ, ತನ್ನ ಪರ ಇರುವವರಿಗೇ ಇರುಸುಮುರುಸು ಮಾಡುತ್ತಿದ್ದಾನೆ. ಹಬ್ಬದ ಖುಷಿಯಲ್ಲಿ ಚಪ್ಪಾಳೆ ತಟ್ಟಿ ಮನೆಗೆ ಹೋಗಬೇಡಿ ಅಂತ. ಅದಕ್ಕೇ ಮಾತು ಅಷ್ಟು ಖಾರ. ಎರಡು ವರ್ಷದ ಹಿಂದೆ, 1850ರಲ್ಲಿ, ಓಡಿಹೋದ ಗುಲಾಮರನ್ನು ಉತ್ತರದವರೂ ಹಿಡಿದುಕೊಡಬೇಕು ಅಂತ ಕಾನೂನು ಬಂದಿತ್ತು. ಇಷ್ಟು ಹೇಳಿ, ಇದನ್ನು ನಿಮ್ಮ ವಾದಕ್ಕೆ ಗಂಟು ಹಾಕಿದರೆ ಅದೇ ಸೋರ್ಸಿಂಗ್. ರೀಜೆಂಟ್ಸ್‌ನ ಎರಡನೇ ಚಿಕ್ಕ ಪ್ರಬಂಧದಲ್ಲೂ ಇದನ್ನೇ ಕೇಳುತ್ತಾರೆ. ದಾಖಲೆಯನ್ನು ಎಷ್ಟು ನಂಬಬಹುದು ಅಂತ ಹೇಳಬೇಕಾಗುತ್ತದೆ ಅಷ್ಟೆ.

ಕಾರ್ಟೂನ್ ಕೊಟ್ಟರೆ ಮಗಳು ಸುಮ್ನೆ ನೋಡ್ತಾ ಕೂತಿರ್ತಾಳೆ.

ಮೊದಲು ಇಸವಿ, ಆಮೇಲೆ ಚಿತ್ರದ ಮೇಲೆ ಬರೆದ ಅಕ್ಷರ, ಆಮೇಲೆ ಯಾರು ದೊಡ್ಡದಾಗಿ ಕಾಣುತ್ತಾರೆ ಯಾರು ಚಿಕ್ಕದಾಗಿ ಅಂತ. ಸೆನೆಟ್ ಒಳಗೆ ಡೊಳ್ಳುಹೊಟ್ಟೆಯ ಸಾಹುಕಾರರು ನಿಂತಿದ್ದು ಸೆನೆಟರ್‌ಗಳು ಪುಟ್ಟದಾಗಿ ಕಂಡರೆ ಅದು ದೊಡ್ಡ ಕಂಪನಿಗಳು ಒಂದಾಗಿ ಮಾರುಕಟ್ಟೆ ಹಿಡಿದ ಟ್ರಸ್ಟ್‌ಗಳ ಕಾಲ, ಅಂದರೆ 1880ರ ದಶಕದ ಆಸುಪಾಸು. ಇಷ್ಟಕ್ಕೇ ಅರ್ಧ ಉತ್ತರ ಸಿಗುತ್ತದೆ.

ಎಲ್ಲ ಗೊತ್ತಿರುತ್ತೆ, ಟೈಮ್ ಸಾಲಲ್ಲ. ಏನು ಮಾಡೋದು?

ನನ್ನ ಮಗಳ ಮೊದಲ ಅಣಕು ಪರೀಕ್ಷೆ ನೆನಪಿದೆ. ಮೂರು ಬಣ್ಣದ ಹೈಲೈಟರ್ ಇಟ್ಟುಕೊಂಡು ಕೂತಳು. ಹಳದಿ ಕಾರಣಕ್ಕೆ, ಗುಲಾಬಿ ಪರಿಣಾಮಕ್ಕೆ, ಹಸಿರು ಹೆಸರುಗಳಿಗೆ. 40 ನಿಮಿಷ ಆದಾಗ ದಾಖಲೆಗಳು ರಂಗೋಲಿ ಥರ ಚೆನ್ನಾಗಿದ್ದವು, ಉತ್ತರದ ಹಾಳೆಯಲ್ಲಿ ಒಂದೇ ಪ್ಯಾರಾ ಇತ್ತು.

ಡಿಬಿಕ್ಯೂಗೆ 60 ನಿಮಿಷ, ಅದರಲ್ಲಿ 15 ಓದಲು. ಆ ಹದಿನೈದರಲ್ಲಿ ಪ್ರತಿ ದಾಖಲೆಗೂ ಒಂದೇ ಸಾಲು ಗೀಚಿಕೊಳ್ಳಲಿ: ಇದು ನನ್ನ ವಾದದ ಯಾವ ಕಡೆಗೆ? ದೊಡ್ಡ ಪ್ರಬಂಧ, ಎಲ್‌ಇಕ್ಯೂಗೆ 40 ನಿಮಿಷ. ಮೂರು ಚಿಕ್ಕ ಉತ್ತರಕ್ಕೆ ಒಟ್ಟು 40. ಚಿಕ್ಕ ಉತ್ತರಕ್ಕೆ ಪೀಠಿಕೆ ಬೇಡ, ಥೀಸಿಸ್ ಬೇಡ, ಎ, ಬಿ, ಸಿಗೆ ನೇರವಾಗಿ ಎರಡು ಮೂರು ಸಾಲು ಸಾಕು. ಬಹು ಆಯ್ಕೆಯಲ್ಲಿ 55 ಪ್ರಶ್ನೆಗೆ 55 ನಿಮಿಷ. ತಪ್ಪಿಗೆ ಅಂಕ ಕಳೆಯೋದಿಲ್ಲ, ಖಾಲಿ ಬಿಡೋದು ಮಾತ್ರ ಬೇಡ. ನಮ್ಮ ಕಡೆ ನೆಗೆಟಿವ್ ಮಾರ್ಕ್ಸ್‌ಗೆ ಹೆದರಿ ಬೆಳೆದ ಮಕ್ಕಳಿಗೆ ಇದನ್ನು ಎರಡು ಸಲ ಹೇಳಬೇಕು.

## ಇನ್ನೂ ಮುಂದೆ

ಅಂತರ್ಯುದ್ಧ ಗುಲಾಮಗಿರಿಗಾ, ರಾಜ್ಯಗಳ ಹಕ್ಕಿಗಾ? ಒಬ್ಬೊಬ್ಬರು ಒಂದೊಂದು ಹೇಳ್ತಾರೆ.

ಗುಲಾಮಗಿರಿಗೆ. ಇದರಲ್ಲಿ ಎರಡೂ ಕಡೆ ಸಮಾ ತೂಗುವ ಅಗತ್ಯ ಇಲ್ಲ. 1860ರ ಡಿಸೆಂಬರ್‌ನಲ್ಲಿ ಒಕ್ಕೂಟ ಬಿಟ್ಟ ಸೌತ್ ಕೆರೊಲಿನಾ ತಾನು ಯಾಕೆ ಬಿಡುತ್ತಿದ್ದೇನೆ ಅಂತ ತಾನೇ ಬರೆದಿಟ್ಟಿದೆ. ಉತ್ತರದ ರಾಜ್ಯಗಳು ಓಡಿಬಂದ ಗುಲಾಮರನ್ನು ವಾಪಸ್ ಕೊಡುತ್ತಿಲ್ಲ ಅನ್ನೋದೇ ಅದರ ದೊಡ್ಡ ದೂರು. ಯೋಚಿಸಿ ನೋಡಿ. ಅಂದರೆ ಉತ್ತರದ ರಾಜ್ಯಗಳು ತಮ್ಮ ಹಕ್ಕು ಚಲಾಯಿಸಿದ್ದೇ ದಕ್ಷಿಣದವರಿಗೆ ಸಿಟ್ಟು. 1850ರ ಕಾನೂನನ್ನು ಕೇಂದ್ರ ಬಲವಂತವಾಗಿ ಜಾರಿ ಮಾಡಲಿ ಅಂತ ಅವರೇ ಒತ್ತಾಯಿಸುತ್ತಿದ್ದರು. ಈ ಒಂದು ಮಾತನ್ನು ಪ್ರಬಂಧದಲ್ಲಿ ಸರಿಯಾಗಿ ಬಿಡಿಸಿ ಬರೆದರೆ, ಸಿಗೋದು ಕಷ್ಟ ಅಂದೆನಲ್ಲ, ಆ ಕೊನೆಯ ಅಂಕವೂ ಸಿಗಬಹುದು.

ಇಷ್ಟು ದಪ್ಪ ಪುಸ್ತಕದಲ್ಲಿ ನಮ್ಮವರು ಎಲ್ಲೂ ಇಲ್ವಾ?

ಇದ್ದಾರೆ, ಹುಡುಕಬೇಕು. 1917ರ ಕಾನೂನು ಏಷ್ಯಾದ ಬಹುಭಾಗಕ್ಕೆ ಬಾಗಿಲು ಹಾಕಿತು, ಭಾರತವೂ ಸೇರಿ. ಪಂಜಾಬಿನಿಂದ ಬಂದ ಭಗತ್ ಸಿಂಗ್ ಥಿಂಡ್ ಮೊದಲ ಮಹಾಯುದ್ಧದಲ್ಲಿ ಅಮೆರಿಕದ ಸೈನ್ಯದಲ್ಲಿದ್ದವರು. ಆಗ ಪೌರತ್ವ ಸಿಗಬೇಕಾದರೆ 'ಬಿಳಿಯ' ಅನ್ನಿಸಿಕೊಳ್ಳಬೇಕಿತ್ತು. 1923ರಲ್ಲಿ ಸುಪ್ರೀಂ ಕೋರ್ಟ್, ಸಾಮಾನ್ಯ ಜನ ಬಿಳಿಯ ಅನ್ನುವ ಅರ್ಥದಲ್ಲಿ ನೀನು ಬಿಳಿಯನಲ್ಲ ಅಂದಿತು. ಆಗಲೇ ಪೌರತ್ವ ಪಡೆದಿದ್ದ ಕೆಲವು ಭಾರತೀಯರಿಂದ ಅದನ್ನು ಕಿತ್ತುಕೊಂಡರು. 1946ರಲ್ಲಿ ಬಾಗಿಲು ಸ್ವಲ್ಪ ತೆರೆಯಿತು, ವರ್ಷಕ್ಕೆ 100 ಭಾರತೀಯರು ಅನ್ನೋ ಲೆಕ್ಕದಲ್ಲಿ. ಪೌರತ್ವವೂ ಸಾಧ್ಯವಾಯಿತು. ಹತ್ತೇ ವರ್ಷದಲ್ಲಿ, 1956ರಲ್ಲಿ, ದಲೀಪ್ ಸಿಂಗ್ ಸೌಂದ್ ಕ್ಯಾಲಿಫೋರ್ನಿಯಾದಿಂದ ಕಾಂಗ್ರೆಸ್‌ಗೆ ಗೆದ್ದರು. 1965ರ ಕಾನೂನು ದೇಶವಾರು ಮೂಲದ ಕೋಟಾ ತೆಗೆದುಹಾಕಿತು. ನಾವೆಲ್ಲ ಬಂದದ್ದು ಆ ಬಾಗಿಲಿನಿಂದ.

ವಲಸೆ ಬಗ್ಗೆ ಪ್ರಶ್ನೆ ಬಂದಾಗ ಎಲ್ಲರೂ ಐರಿಶ್, ಚೀನಿ, ಇಟಾಲಿಯನ್ ಬರೆಯುತ್ತಾರೆ. ಥಿಂಡ್ ಕೇಸನ್ನು ದಾಖಲೆಯ ಆಚೆಗಿನ ಸಾಕ್ಷಿಯಾಗಿ ತಂದರೆ ಕಾಗದ ನೋಡುವವರ ಕಣ್ಣು ಒಂದು ಕ್ಷಣ ನಿಲ್ಲುತ್ತದೆ.

ಈಗಿನ ರಾಜಕೀಯದ ಬಗ್ಗೆ ತನ್ನ ಅಭಿಪ್ರಾಯ ಬರೆದರೆ ಅಂಕ ಕಡಿಮೆ ಮಾಡ್ತಾರಾ?

ಯಾವ ಕಡೆ ನಿಂತೆ ಅನ್ನೋದಕ್ಕೆ ಅಂಕ ಇಲ್ಲ. ಯಾವುದರ ಮೇಲೆ ನಿಂತೆ ಅನ್ನೋದಕ್ಕೆ ಇದೆ. ಎಪಿ ಗವ್‌ನ ವಾದದ ಪ್ರಬಂಧದಲ್ಲಿ ಕೊಟ್ಟ ಮೂಲ ದಾಖಲೆಗಳಲ್ಲಿ ಒಂದನ್ನಾದರೂ ಸಾಕ್ಷಿಯಾಗಿ ಬಳಸಬೇಕು, ಎದುರು ವಾದಕ್ಕೆ ಉತ್ತರವನ್ನೂ ಕೊಡಬೇಕು. ಟಿವಿ ಚರ್ಚೆಯ ಭಾಷೆ ಮಾತ್ರ ಬೇಡ.

ಮಗ ಎಂಜಿನಿಯರಿಂಗ್ ಓದೋನು. ಇತಿಹಾಸದ ಎಪಿ ಯಾಕೆ ತಗೋಬೇಕು?

ಬೇಡದಿದ್ದರೆ ಬೇಡ. ಕೆಲವು ಕಾಲೇಜು 3 ಬಂದರೆ ಕ್ರೆಡಿಟ್ ಕೊಡುತ್ತವೆ, ಕೆಲವು 4 ಅಥವಾ 5 ಕೇಳುತ್ತವೆ, ಕೆಲವು ಏನು ಬಂದರೂ ಕೊಡೋದಿಲ್ಲ. ಅದನ್ನು ಮೊದಲು ನೋಡಿ. ಆ ವರ್ಷ ಕೆಮಿಸ್ಟ್ರಿ, ಕ್ಯಾಲ್ಕುಲಸ್ ಎರಡೂ ಎಪಿ ಇದ್ದರೆ ವಾರಕ್ಕೆ ಒಂದೊಂದು ಅಧ್ಯಾಯ ಓದಿಸುವ ಮೂರನೆಯದನ್ನು ಹೇರಬೇಡಿ. ಪಕ್ಕದ ಮನೆಯವನು ತಗೊಂಡ ಅನ್ನೋದು ಕಾರಣ ಅಲ್ಲ. ನಾನು ಒಮ್ಮೆ ಆ ಕಾರಣಕ್ಕೆ ಹಟ ಮಾಡಿ, ನವೆಂಬರ್‌ನಲ್ಲಿ ಮಗನ ಮುಖ ನೋಡಲಾಗದೆ ಕ್ಲಾಸ್ ಬದಲಿಸಿದೆ. ರೀಜೆಂಟ್ಸ್‌ನಲ್ಲಿ ಅವನಿಗೆ 91 ಬಂತು.

ಇನ್ನು ಎರಡೇ ವಾರ ಇದೆ. ಎಲ್ಲಿ ಗಮನ ಕೊಡಬೇಕು?

ಎಪಿಯವರು 1491ರಿಂದ ಇಲ್ಲಿಯವರೆಗೆ ಒಂಬತ್ತು ಕಾಲಘಟ್ಟ ಮಾಡಿದ್ದಾರೆ. ಮೊದಲನೆಯದಕ್ಕೂ ಕೊನೆಯದಕ್ಕೂ ಶೇಕಡಾ 4ರಿಂದ 6 ಮಾತ್ರ. ಮೂರರಿಂದ ಎಂಟು, ಅಂದರೆ 1754ರಿಂದ 1980, ಒಂದೊಂದಕ್ಕೂ 10ರಿಂದ 17. ಡಿಬಿಕ್ಯೂ ಬರುವುದೂ ಈ ಹರವಿನಲ್ಲೇ. ಹಾಗಾಗಿ ಕೊನೇ ವಾರದಲ್ಲಿ ಕೊಲಂಬಸ್‌ನ ಹಡಗು ಎಣಿಸುತ್ತಾ ಕೂರಬೇಡಿ.

ಹಳೆಯ ಪ್ರಶ್ನೆಪತ್ರಿಕೆಗೆ ದುಡ್ಡು ಕೊಡಬೇಡಿ. ರೀಜೆಂಟ್ಸ್‌ನವು ರಾಜ್ಯದ ಶಿಕ್ಷಣ ಇಲಾಖೆಯಲ್ಲೇ ಪುಕ್ಕಟೆ ಸಿಗುತ್ತವೆ. ಎಪಿಯ ಹಳೆಯ ಬರಹದ ಪ್ರಶ್ನೆಗಳೂ ಸಿಗುತ್ತವೆ, ಜೊತೆಗೆ ನಿಜವಾದ ವಿದ್ಯಾರ್ಥಿಗಳು ಬರೆದ ಉತ್ತರ, ಅದಕ್ಕೆ ಬಿದ್ದ ಅಂಕ, ಯಾಕೆ ಬಿತ್ತು ಅನ್ನೋ ವಿವರಣೆ. ಅದರಲ್ಲಿ ಒಂದು ಉತ್ತರ ತೆಗೆದು, ಅಂಕ ಮುಚ್ಚಿ, ಮಗಳಿಗೇ ಕೆಂಪು ಪೆನ್ ಕೊಡಿ. ನಮ್ಮ ಮನೆಯಲ್ಲಿ ಅವಳು ಯಾರದೋ ಉತ್ತರಕ್ಕೆ ಏಳಕ್ಕೆ ಮೂರು ಹಾಕಿ, "ಅಮ್ಮಾ, ಇವನು ಬರೀ ಸಾರಾಂಶ ಬರೆದಿದ್ದಾನೆ" ಅಂದಳು. ಮುಚ್ಚಿದ್ದ ಕಾಗದ ತೆಗೆದು ನೋಡಿದೆವು. ಮೂರೇ ಇತ್ತು.